ಕಟ್ಟನ್ನು ಚೆಲ್ಲದೆ ಮಾಡುವ ರಿಬೊಲ್ಲೀತಾ

ಫ್ಲಾರೆನ್ಸಿನಲ್ಲಿರುವ ಅತ್ತಿಗೆಯ ಮನೆಗೆ ಒಂದು ಜನವರಿಯಲ್ಲಿ ಹೋಗಿದ್ದಾಗ, ಅವರು ಸಂಜೆ ಒಲೆಯ ಮೇಲಿದ್ದ ದೊಡ್ಡ ಪಾತ್ರೆಯ ಮುಚ್ಚಳ ತೆಗೆದು ತೋರಿಸಿ, ‘ಇದು ಇವತ್ತಿಗಲ್ಲ, ನಾಳೆಗೆ’ ಎಂದು ಮತ್ತೆ ಮುಚ್ಚಿಬಿಟ್ಟರು. ಬಿಳಿ ಕಾಳು, ಕಪ್ಪಿಗೆ ತಿರುಗಿದ ಹಸಿರು ಸೊಪ್ಪು ಮತ್ತು ಒಣ ಬ್ರೆಡ್ಡಿನ ಚೂರುಗಳು ಅದರಲ್ಲಿ ಒಂದಾಗತೊಡಗಿದ್ದವು. ಮರುದಿನ ಮಧ್ಯಾಹ್ನ ಅದನ್ನು ಮತ್ತೊಮ್ಮೆ ಕುದಿಸಿ, ಮೇಲೆ ಹಸಿ ಆಲಿವ್ ಎಣ್ಣೆ ಸುರಿದು ಬಡಿಸಿದಾಗ ಚಮಚ ನೆಟ್ಟರೆ ನಿಲ್ಲುವಷ್ಟು ಗಟ್ಟಿಯಾಗಿದ್ದ ಆ ಸೂಪಿನ ರುಚಿಯನ್ನು ನಾನು ಇಂದಿಗೂ ಮರೆತಿಲ್ಲ.

ಇಟಲಿಯ ಟಸ್ಕನಿ ಪ್ರಾಂತ್ಯದ ಈ ಅಡುಗೆಯ ಹೆಸರು ರಿಬೊಲ್ಲೀತಾ, ಅಂದರೆ ‘ಮತ್ತೆ ಕುದಿಸಿದ್ದು’. ಮೊದಲ ದಿನ ಇದಕ್ಕೆ ಆ ಹೆಸರೇ ಸಲ್ಲುವುದಿಲ್ಲ. ಆಗ ಅದು ಬರಿಯ ‘ಮಿನೆಸ್ತ್ರಾ ದಿ ಪಾನೆ’, ಬ್ರೆಡ್ಡಿನ ಸೂಪು. ಕಾಳು ಮತ್ತು ತರಕಾರಿ ಸೇರಿಸಿ ಮಾಡುವ ಮಿನೆಸ್ತ್ರೋನೆ ಇಟಲಿಯುದ್ದಕ್ಕೂ ಉಂಟು. ಜಿನೋವಾದವರು ಅದಕ್ಕೆ ತುಳಸಿಯ ಜಾತಿಯ ಬೇಸಿಲ್ ಸೊಪ್ಪಿನ ಪೆಸ್ತೊ ಎಂಬ ಚಟ್ನಿ ಬೆರೆಸುತ್ತಾರೆ, ಮಿಲಾನಿನವರು ಅಕ್ಕಿ ಹಾಕುತ್ತಾರೆ. ಟಸ್ಕನಿಯವರು ಒಣಗಿದ ಬ್ರೆಡ್ಡನ್ನು ನೆಚ್ಚಿಕೊಂಡಿದ್ದಾರೆ. ಉಳಿದ ಇಟಲಿಯವರು ಅವರನ್ನು ‘ಮಾಂಜಾಫಜೋಲಿ’, ಅಂದರೆ ಕಾಳು ತಿನ್ನುವವರು ಎಂದು ಕರೆಯುವುದುಂಟು.

ಮೈಸೂರಿಗೆ ಮರಳಿದ ಮೇಲೆ ನಾನು ಮೊದಲ ಸಲ ಮಾಡಿದ್ದು ಪೂರ್ತಿ ಕೆಟ್ಟಿತು. ಡಬ್ಬಿಯ ಕಾಳು ತಂದು, ಅದರ ನೀರನ್ನು ಬಸಿದು ಚೆಲ್ಲಿ, ಕಾಳನ್ನು ತೊಳೆದು ತರಕಾರಿಗೆ ಸೇರಿಸಿದ್ದೆ. ನೀರು ಬೇರೆ, ತರಕಾರಿ ಬೇರೆ ಎಂಬಂತೆ ಆಯಿತು. ಅತ್ತಿಗೆಗೆ ಫೋನ್ ಮಾಡಿದಾಗ ಅವರು ಕೇಳಿದ್ದು ಒಂದೇ ಪ್ರಶ್ನೆ: ‘ಕಾಳು ಬೇಯಿಸಿದ ಕಟ್ಟು ಏನು ಮಾಡಿದೆ?’ ಹುರುಳಿಕಟ್ಟಿನ ಸಾರು ಮಾಡುವ ಮನೆಯಲ್ಲಿ ಬೆಳೆದವಳಿಗೆ ಆ ಪ್ರಶ್ನೆಯ ನಂತರ ಬೇರೆ ವಿವರಣೆ ಬೇಕಾಗಲಿಲ್ಲ. ಕಾಳಿನಿಂದ ಬಿಟ್ಟುಕೊಂಡ ಪಿಷ್ಟ ಮತ್ತು ಪ್ರೋಟೀನು ಇರುವ ಆ ನೀರೇ ಈ ಸೂಪಿನ ಮೈ. ಅದನ್ನು ಚೆಲ್ಲಿದ ಮೇಲೆ ಎಷ್ಟು ಬಗೆಯ ಮಸಾಲೆ ಹಾಕಿದರೂ ಪ್ರಯೋಜನವಿಲ್ಲ.

ಆದ್ದರಿಂದ ಒಣ ಕಾಳಿನಿಂದಲೇ ಆರಂಭಿಸಬೇಕು. ಟಸ್ಕನಿಯಲ್ಲಿ ಕನ್ನೆಲ್ಲೀನಿ ಎಂಬ ಬಿಳಿ ಕಾಳು ಬಳಸುತ್ತಾರೆ. ಇಲ್ಲಿ ಸಿಗುವ ಬಿಳಿ ರಾಜ್ಮಾ ಅದೇ ಜಾತಿಯದು, ಅವರೆಕಾಳು ಅಲ್ಲ. ಆರು ಜನಕ್ಕೆ 300 ಗ್ರಾಂ ಕಾಳನ್ನು ಹಿಂದಿನ ರಾತ್ರಿ, ಸ್ವಲ್ಪ ಉಪ್ಪು ಬೆರೆಸಿದ ಧಾರಾಳ ನೀರಿನಲ್ಲಿ ನೆನೆಹಾಕುತ್ತೇನೆ. ಉಪ್ಪು ಹಾಕಿದರೆ ಕಾಳು ಬೇಯುವುದಿಲ್ಲ ಎಂಬ ಮಾತನ್ನು ನಾನೂ ಬಹಳ ಕಾಲ ನಂಬಿದ್ದೆ, ಆದರೆ ನಿಜ ಬೇರೆಯೇ ಇದೆ: ಸಿಪ್ಪೆಯನ್ನು ಬಿಗಿಯಾಗಿ ಹಿಡಿದಿರುವ ಕ್ಯಾಲ್ಸಿಯಂನ ಜಾಗವನ್ನು ಉಪ್ಪಿನ ಸೋಡಿಯಂ ತೆಗೆದುಕೊಳ್ಳುವುದರಿಂದ ಸಿಪ್ಪೆ ಮೆದುವಾಗುತ್ತದೆ. ಕಾಳನ್ನು ಬೇಯದಂತೆ ತಡೆಯುವುದು ಹುಳಿ. ಟೊಮೆಟೊವನ್ನು ಕಾಳು ಪೂರ್ತಿ ಬೆಂದ ನಂತರವೇ ಸೇರಿಸಬೇಕೆಂಬ ನಿಯಮದ ಕಾರಣ ಅದೇ. ನೆನೆದ ನೀರನ್ನು ಮಾತ್ರ ಚೆಲ್ಲಿ, ಹೊಸ ನೀರಿನಲ್ಲಿ ಎರಡು ಎಸಳು ಬೆಳ್ಳುಳ್ಳಿ, ಸಿಕ್ಕರೆ ಸೇಜ್ ಎಲೆ ಹಾಕಿ, ಮೊದಲ ಹತ್ತು ನಿಮಿಷ ಜೋರಾಗಿ ಕುದಿಸಿ, ಆಮೇಲೆ ಸಣ್ಣ ಉರಿಯಲ್ಲಿ ಬೇಯಿಸುತ್ತೇನೆ. ಆ ಹತ್ತು ನಿಮಿಷವನ್ನು ಬಿಡಬಾರದು. ಹಸಿ ರಾಜ್ಮಾದಲ್ಲಿ ಹೊಟ್ಟೆ ಕೆಡಿಸುವ ಲೆಕ್ಟಿನ್ ಎಂಬ ಅಂಶವಿದ್ದು, ಅದು ನಾಶವಾಗುವುದು ಚೆನ್ನಾಗಿ ಕುದಿದಾಗ ಮಾತ್ರ. ಕುಕ್ಕರಿನಲ್ಲಿ ಬೇಯಿಸಿದರೂ ಆದೀತು. ಬೆಂದ ಕಾಳಿನಲ್ಲಿ ಅರ್ಧವನ್ನು ಅದರ ಕಟ್ಟಿನೊಂದಿಗೆ ನುಣ್ಣಗೆ ಮಸೆದು, ಉಳಿದರ್ಧವನ್ನು ಇಡಿಯಾಗಿಯೇ ಇಟ್ಟುಕೊಳ್ಳಬೇಕು.

ಇನ್ನೊಂದು ದಪ್ಪ ತಳದ ಪಾತ್ರೆಯಲ್ಲಿ ಆಲಿವ್ ಎಣ್ಣೆ ಕಾಯಿಸಿ, ಸಣ್ಣಗೆ ಹೆಚ್ಚಿದ ಈರುಳ್ಳಿ, ಕ್ಯಾರೆಟ್, ಸೆಲೆರಿಗಳನ್ನು ಕಂದು ಬಣ್ಣಕ್ಕೆ ತಿರುಗಲು ಬಿಡದೆ ಹದಿನೈದು ನಿಮಿಷ ನಿಧಾನವಾಗಿ ಬಾಡಿಸುತ್ತೇನೆ. ಇದನ್ನು ಅವರು ಸೊಫ್ರಿತ್ತೊ ಎನ್ನುತ್ತಾರೆ. ನಮ್ಮ ಒಗ್ಗರಣೆಯ ಅವಸರ ಇದಕ್ಕೆ ಒಗ್ಗುವುದಿಲ್ಲ. ಆಮೇಲೆ ಎರಡು ಆಲೂಗಡ್ಡೆ, ಕಾಲು ಎಲೆಕೋಸು, ಸೊಪ್ಪು, ಸ್ವಲ್ಪ ಥೈಮ್, ಮಸೆದ ಕಾಳು ಮತ್ತು ಉಳಿದ ಕಟ್ಟು, ಬೇಕಾದಷ್ಟು ನೀರು, ಒಂದು ಗಂಟೆಯ ಸಣ್ಣ ಉರಿ. ಇಡೀ ಕಾಳು ಮತ್ತು ಎರಡು ಟೊಮೆಟೊ ಕೊನೆಯ ಹದಿನೈದು ನಿಮಿಷದಲ್ಲಿ ಸೇರುತ್ತವೆ.

ಸೊಪ್ಪಿನ ವಿಷಯವನ್ನು ಸ್ವಲ್ಪ ವಿವರವಾಗಿ ಹೇಳಬೇಕು. ಅತ್ತಿಗೆ ಸಾಂತ್ ಅಂಬ್ರೋಜೊ ಮಾರುಕಟ್ಟೆಯಿಂದ ತರುತ್ತಿದ್ದ ಕಾವೊಲೊ ನೇರೊ, ಅಂದರೆ ‘ಕಪ್ಪು ಕೋಸು’, ಉದ್ದನೆಯ ಉಬ್ಬುತಗ್ಗಿನ ಎಲೆಗಳದು. ಹಿಮದ ರಾತ್ರಿಗಳನ್ನು ಕಂಡ ಮೇಲೆ ಅದರಲ್ಲಿ ಸಿಹಿ ಹೆಚ್ಚುತ್ತದೆ. ಮೈಸೂರಿನಲ್ಲಿ ಅದು ಸಿಗದಿದ್ದಾಗ ಮೊದಲು ಪಾಲಕ್ ಹಾಕಿ ನೋಡಿದೆ, ಒಂದು ಗಂಟೆಯ ಕುದಿತಕ್ಕೆ ಅದು ಕರಗಿಯೇ ಹೋಯಿತು. ಕೊನೆಗೆ ಕೈಗೆ ಬಂದದ್ದು ನವಿಲುಕೋಸಿನ ಎಲೆ. ಗೆಡ್ಡೆ ಕೊಂಡವರು ಅಂಗಡಿಯಲ್ಲೇ ಮುರಿದು ಬಿಟ್ಟುಹೋಗುವ ಆ ಎಲೆಗಳು ಕಾವೊಲೊ ನೇರೊ ಸೇರಿದ ಸಸ್ಯಜಾತಿಗೇ ಸೇರಿದವು. ನಡುವಿನ ದಂಟು ತೆಗೆದು ಅಗಲವಾಗಿ ಹೆಚ್ಚಿ ಹಾಕಿದರೆ ದೀರ್ಘ ಕುದಿತವನ್ನು ಅವು ಚೆನ್ನಾಗಿ ತಾಳಿಕೊಳ್ಳುತ್ತವೆ, ಸಣ್ಣ ಕಹಿಯೂ ಉಳಿಯುತ್ತದೆ.

ಟಸ್ಕನಿಯ ಬ್ರೆಡ್ಡಿಗೆ ಉಪ್ಪು ಹಾಕುವುದಿಲ್ಲ. ಅದು ಬೂಸ್ಟು ಹಿಡಿಯದೆ ಕಲ್ಲಿನಂತೆ ಒಣಗುತ್ತದೆ, ಒಣಗಿದ ಮೇಲೆ ಸೂಪನ್ನು ಹೀರಿಕೊಂಡರೂ ಅಂಟಾಗುವುದಿಲ್ಲ. ನಮ್ಮ ಪ್ಯಾಕೆಟ್ಟಿನ ಮೆದು ಬ್ರೆಡ್ ಇಲ್ಲಿ ಬೇಡ, ಅದರ ಸಿಹಿ ಎಲ್ಲವನ್ನೂ ಕೆಡಿಸುತ್ತದೆ. ಗಟ್ಟಿ ಹೊರಪದರದ ಹುಳಿಹಿಟ್ಟಿನ ಬ್ರೆಡ್ಡನ್ನು 250 ಗ್ರಾಂನಷ್ಟು ತುಂಡರಿಸಿ ಎರಡು ದಿನ ಒಣಗಲು ಬಿಟ್ಟು, ಪಾತ್ರೆಯಲ್ಲಿ ಒಂದು ಪದರ ಬ್ರೆಡ್, ಒಂದು ಪದರ ಸೂಪು ಎಂಬಂತೆ ಜೋಡಿಸಿ, ಆರಿದ ಮೇಲೆ ಫ್ರಿಜ್ಜಿನಲ್ಲಿಡುತ್ತೇನೆ.

ಮರುದಿನ ತಳ ಹಿಡಿಯದಂತೆ ಸೌಟಿನಿಂದ ತಿರುವುತ್ತಾ ಕುದಿಸಿ, ಕರಿಮೆಣಸಿನ ಪುಡಿ ಉದುರಿಸಿ, ಒಳ್ಳೆಯ ಆಲಿವ್ ಎಣ್ಣೆಯನ್ನು ಕೈಬಿಚ್ಚಿ ಸುರಿಯಬೇಕು. ಅಲ್ಲಿ ಆಲಿವ್ ಕೊಯ್ಲು ಮುಗಿದು ಗಂಟಲಿಗೆ ಖಾರವೆನಿಸುವ ಹೊಸ ಎಣ್ಣೆ ಮನೆಗೆ ಬರುವುದೂ, ಕಪ್ಪು ಕೋಸು ಸಿಹಿಯಾಗುವುದೂ ಚಳಿಗಾಲದಲ್ಲೇ. ಅತ್ತಿಗೆ ಇದರ ಮೇಲೆ ಚೀಸ್ ತುರಿಯುವುದಿಲ್ಲ, ನಾನೂ ತುರಿಯುವುದಿಲ್ಲ. ಸಸ್ಯಾಹಾರಿಗಳಿಗೆ ಅದು ಒಳ್ಳೆಯದೇ ಆಯಿತು, ಏಕೆಂದರೆ ಪಾರ್ಮಿಜಾನೊವನ್ನು ಕರುವಿನ ಹೊಟ್ಟೆಯಿಂದ ತೆಗೆದ, ಹಾಲನ್ನು ಹೆಪ್ಪುಗಟ್ಟಿಸುವ ರೆನೆಟ್ ಬಳಸಿಯೇ ತಯಾರಿಸುತ್ತಾರೆ. ಹಸಿ ಈರುಳ್ಳಿಯ ತೆಳು ಬಿಲ್ಲೆಗಳು ಮಾತ್ರ ಪಕ್ಕದಲ್ಲಿರಬೇಕು.

ಮೂರನೆಯ ದಿನಕ್ಕೂ ಉಳಿದರೆ ಕಬ್ಬಿಣದ ಕಾವಲಿಗೆ ಎಣ್ಣೆ ಸವರಿ, ಅದನ್ನು ಅಗಲವಾಗಿ ತಟ್ಟಿ, ಎರಡೂ ಕಡೆ ಕಂದು ಬಣ್ಣದ ಗರಿಮುರಿ ಪದರ ಬರುವವರೆಗೆ ಬೇಯಿಸುತ್ತೇನೆ. ನಮ್ಮ ಮನೆಯಲ್ಲಿ ಈಗ ಇದಕ್ಕೆಂದೇ ಎರಡು ಸೌಟು ಹೆಚ್ಚಾಗಿ ಮಾಡಬೇಕಾಗುತ್ತದೆ.