ಉನವಟುನದ ಹಲಸಿನ ಮರದಲ್ಲಿ ಕಂಡ ಬಸವನಹುಳು

ಸೋಮವಾರಪೇಟೆ ಕಡೆಯ ಕಾಫಿ ಬೆಳೆಗಾರನಿಗೆ ಬಸವನಹುಳು ಎಂದರೆ ಮೊದಲು ನೆನಪಾಗುವುದು ಉಪ್ಪುನೀರಿನ ಬಕೆಟ್ಟು. ಮಳೆಗಾಲ ಹಿಡಿದರೆ ಸಾಕು, ಶನಿವಾರಸಂತೆ ಸುತ್ತಲಿನ ತೋಟಗಳಲ್ಲಿ ಆಫ್ರಿಕಾದ ದೈತ್ಯ ಬಸವನಹುಳುಗಳು ಕಾಫಿ ಗಿಡ, ಬಾಳೆ ಎನ್ನದೆ ಮುತ್ತಿಕೊಳ್ಳುತ್ತವೆ. ಒದ್ದೆ ಗೋಣಿಚೀಲ ಹಾಸಿಟ್ಟು, ಬೆಳಗಾಗುತ್ತಲೇ ಅದರಡಿ ಸೇರಿದ ಹುಳುಗಳನ್ನು ಆರಿಸುವುದು ನಮ್ಮ ಮನೆಯಲ್ಲಿ ಹಾಲು ಕರೆಯುವಷ್ಟೇ ವಾಡಿಕೆಯ ಕೆಲಸ. ಆದ್ದರಿಂದ ಶ್ರೀಲಂಕಾದ ಗಾಲೆ ಪಟ್ಟಣದ ಬಳಿಯ ಉನವಟುನದಲ್ಲಿ, ನಾವು ಇಳಿದುಕೊಂಡಿದ್ದ ಮನೆಯ ಒಡತಿ ಮಳೆ ನಿಂತ ಬೆಳಿಗ್ಗೆ ಬಕೆಟ್ಟು ಹಿಡಿದು ಬಾಳೆಯ ಬುಡದಲ್ಲಿ ಬಗ್ಗಿದ್ದನ್ನು ಕಂಡಾಗ ಏನು ನಡೆದಿದೆಯೆಂದು ಕೇಳಬೇಕಾಗಲಿಲ್ಲ.

ಕೇಳಬೇಕೆನಿಸಿದ್ದು ಅವರು ಮುಟ್ಟದೆ ಬಿಟ್ಟ ಇನ್ನೊಂದು ಹುಳುವಿನ ವಿಷಯ. ಅದು ಹಲಸಿನ ಮರದ ಕಾಂಡದಲ್ಲಿ ಎದೆಮಟ್ಟಕ್ಕೆ ಅಂಟಿಕೊಂಡಿತ್ತು. ಆಫ್ರಿಕಾದ ಹುಳುವಿನ ಚಿಪ್ಪು ಉದ್ದಕ್ಕೆ ಚೂಪಾಗಿರುತ್ತದೆ. ಇದರದು ಅಗಲವಾಗಿ, ದುಂಡಗೆ, ಕಂದು ಬಣ್ಣಕ್ಕಿತ್ತು. ಬಾಯಿಯ ಅಂಚು ಮಾತ್ರ ದಪ್ಪನಾಗಿ ಹೊರಕ್ಕೆ ಮಡಚಿ, ಗುಲಾಬಿ ಬೆರೆತ ಕೆಂಪಿನಲ್ಲಿ ಹೊಳೆಯುತ್ತಿತ್ತು. ತೊಗಟೆಯ ಹಸಿರು ಪಾಚಿಯಲ್ಲಿ ಅದು ಹಾದುಬಂದ ದಾರಿಯುದ್ದಕ್ಕೂ ಅಂಕುಡೊಂಕಾದ ತಿಳಿ ಗೆರೆಗಳಿದ್ದವು. ನಾಲಿಗೆಯ ಸಣ್ಣ ಹಲ್ಲುಗಳಿಂದ ಪಾಚಿಯನ್ನು ಹೆರೆದು ತಿಂದ ಗುರುತುಗಳು ಅವು. ಹಲಸಿನ ಎಲೆಗಳಿಗೆ ಅದು ಬಾಯಿ ಹಾಕಿದಂತೆ ಕಾಣಲಿಲ್ಲ. "ಅದು ಇಲ್ಲಿಯದೇ, ಗಿಡ ತಿನ್ನುವುದಿಲ್ಲ" ಎಂದು ಅವರು ಇಂಗ್ಲಿಷಿನಲ್ಲಿ ಹೇಳಿ ಮುಂದಿನ ಬಾಳೆಗೆ ಹೋದರು.

ಅದು ಅಕಾವಸ್ ಹೀಮಾಸ್ಟೊಮಾ. 1758ರಲ್ಲಿಯೇ ಸ್ವೀಡನ್ನಿನ ಜೀವವಿಜ್ಞಾನಿ ಲಿನೇಯಸ್ ಹೆಸರಿಟ್ಟ, ಶ್ರೀಲಂಕಾದಲ್ಲಿ ಬಿಟ್ಟರೆ ಬೇರೆಲ್ಲೂ ಸಹಜವಾಗಿ ಸಿಗದ ಜೀವಿ. ಅಕಾವಸ್ ಕುಲದ ಎಲ್ಲ ಪ್ರಭೇದಗಳೂ ಈ ದ್ವೀಪದವೇ. ಅವುಗಳ ಬಂಧುಗಳನ್ನು ನೋಡಬೇಕಾದರೆ ಸಾಗರ ದಾಟಿ ಮಡಗಾಸ್ಕರಿಗೋ ಸೆಶೆಲ್ಸಿಗೋ ಹೋಗಬೇಕು. ನನ್ನನ್ನು ಬಹಳ ಹೊತ್ತು ಕಾಡಿದ ಸಂಗತಿ ಇದೇ. ಭಾರತವೂ ಲಂಕೆಯೂ ಒಂದೇ ಭೂಖಂಡವಾಗಿ ಸುಮಾರು 9 ಕೋಟಿ ವರ್ಷಗಳ ಹಿಂದೆ ಮಡಗಾಸ್ಕರಿನಿಂದ ಬೇರ್ಪಟ್ಟು ಉತ್ತರಕ್ಕೆ ಸರಿದವು ಎಂದ ಮೇಲೆ, ಈ ಹುಳುವಿನ ಸಂತತಿ ನಮ್ಮ ಪಶ್ಚಿಮ ಘಟ್ಟದಲ್ಲಿಯೂ ಇರಬೇಕಿತ್ತಲ್ಲವೇ? ಇಲ್ಲ. 6.6 ಕೋಟಿ ವರ್ಷಗಳ ಹಿಂದಿನ ದಖ್ಖನ್ ಜ್ವಾಲಾಮುಖಿಗಳ ಹೊಗೆ ಮತ್ತು ಬಿಸಿಗೆ ಭಾರತದ ಕವಲು ಅಳಿದು, ದೂರದ ಲಂಕೆಯದು ಉಳಿದಿರಬಹುದು ಎಂದು ಕೆಲವು ವಿಜ್ಞಾನಿಗಳು ಊಹಿಸುತ್ತಾರೆ. ಉನವಟುನದ ಪಕ್ಕದ ರುಮಸ್ಸಲ ಗುಡ್ಡವನ್ನು ಹನುಮಂತನ ಕೈಯಿಂದ ಜಾರಿದ ಸಂಜೀವಿನಿ ಪರ್ವತದ ಚೂರೆಂದು ಅಲ್ಲಿಯವರು ತೋರಿಸುತ್ತಾರೆ. ನನಗಂತೂ ಗುಡ್ಡಕ್ಕಿಂತ ಹಿತ್ತಲಿನ ಈ ಹುಳುವೇ ಹೆಚ್ಚು ಪುರಾಣದ್ದೆನಿಸಿತು.

ಬಕೆಟ್ಟಿನಲ್ಲಿದ್ದವು ಮನುಷ್ಯರು ಸಾಗಿಸಿದವು. 1847ರಲ್ಲಿ ಕಲ್ಕತ್ತೆಗೆ, 1900ರ ಸುಮಾರಿಗೆ ಲಂಕೆಗೆ ಬಂದ ಆಫ್ರಿಕಾದ ಹುಳು ಒಂದು ಸಲಕ್ಕೆ ನೂರಾರು ಮೊಟ್ಟೆ ಇಡುತ್ತದೆ. ಇಂದು ಸಾವಿರ ಆರಿಸಿದರೂ ಮುಂದಿನ ಮಳೆಗೆ ಅಷ್ಟೇ ಹುಟ್ಟಿಕೊಳ್ಳುತ್ತವೆ. ಅಕಾವಸ್ ಇಡುವುದು ಕೆಲವೇ ಕೆಲವು ಮೊಟ್ಟೆಗಳನ್ನು, ಆದರೆ ದೊಡ್ಡವನ್ನು. ಇಷ್ಟು ನಿಧಾನವಾಗಿ ಬೆಳೆಯುವ ಸಂತತಿಯಲ್ಲಿ ಒಂದು ಹಿತ್ತಲಿನ ಹತ್ತು ಹುಳು ಸತ್ತರೂ ಅದು ತುಂಬಿಬರಲು ಬಹುಕಾಲ ಹಿಡಿದೀತು. ಮಳೆಕಾಡು ಕಡಿದ ಕಡೆಯಲ್ಲಿಯೂ ಅದು ಮನೆಯಂಗಳದ ಹಳೆಯ ಮರಗಳನ್ನು ನೆಚ್ಚಿ ಬದುಕಿದೆ ಎನ್ನುವುದು ಸಮಾಧಾನದ ಮಾತು. ಬದುಕು ಮನೆಯವರ ಕೈಯಲ್ಲಿದೆ ಎನ್ನುವುದು ಅಷ್ಟು ಸಮಾಧಾನದ್ದಲ್ಲ.

ಚಹಾ ಕುಡಿಯುವಾಗ ಮನೆಯೊಡತಿ ನಮ್ಮ ಕಡೆ ಏನು ಮಾಡುತ್ತೇವೆಂದು ವಿಚಾರಿಸಿದರು. ಗೋಣಿಚೀಲದ ಉಪಾಯ ಅವರಿಗೆ ಹಿಡಿಸಿತು. ನಾವು ಬಳಸುವ ಮೆಟಾಲ್ಡಿಹೈಡ್ ಗುಳಿಗೆಯ ಬಗ್ಗೆಯೂ ಕೇಳಿದರು. ಗುಳಿಗೆಗೆ ಯಾವ ಹುಳು ಎಲ್ಲಿಯದೆಂಬ ಭೇದವಿಲ್ಲ, ಮರದಿಂದ ನೆಲಕ್ಕಿಳಿದ ನಿಮ್ಮ ಹುಳುವೂ ಅದನ್ನು ತಿಂದರೆ ಸಾಯುತ್ತದೆ, ಹಿತ್ತಲು ಚಿಕ್ಕದಿರುವಾಗ ಕೈಯಿಂದ ಆರಿಸುವುದೇ ಮೇಲು ಎಂದೆ. ಅದಕ್ಕೆ ಅವರು, ಹಾಗಾದರೆ ನಾಳೆ ನೀವೂ ಬೇಗ ಏಳಿ, ಇನ್ನೊಂದು ಬಕೆಟ್ಟಿದೆ ಎಂದರು.