ಪಿಎಸ್2 ಒಳಗ ಗೇಮ್ ಬಿಟ್ಟು ಹೊರಗ ಬರೋದು ಹೆಂಗ, ಬೋರ್ಡಿನ ಸ್ವಿಚ್ ಯಾಕ ಮುಟ್ಟಬಾರದು

ಮಾಡ್ ಮಾಡಿದ ಪಿಎಸ್2, ಅಂದ್ರ ಪೆನ್‌ಡ್ರೈವಿನ ಗೇಮೂ ನಡೆಯೋಹಂಗ ಬದಲಿಸಿದ ಸೋನಿ ಪ್ಲೇಸ್ಟೇಶನ್ 2, ಮನ್ಯಾಗ ಇಟ್ಕೊಂಡೋರು ಎಲ್ಲಾರೂ ಗೇಮ್ ಲೋಡ್ ಮಾಡೋದು ಹೆಂಗ ಅಂತ ಕೇಳ್ತಾರ, ಯಾವ ಪೆನ್‌ಡ್ರೈವ್ ಚಲೋ, ಯಾವ ಫೋಲ್ಡರಿನ್ಯಾಗ ಹಾಕಬೇಕು, ಐಎಸ್ಓ ಫೈಲಿಗೆ (ಗೇಮ್ ಡಿಸ್ಕಿನ ಪೂರ್ತಿ ಕಾಪಿ) ಹೆಸರು ಏನಂತ ಇಡಬೇಕು ಅಂತ. ಆಡಿ ಮುಗಿದ ಮ್ಯಾಲ ಹೊರಗ ಬರೋದು ಹೆಂಗ ಅಂತ ಯಾರೂ ಕೇಳಂಗಿಲ್ಲ. ಆಟ ಸಾಕು ಅನಿಸ್ತು ಅಂದ್ರ ಗ್ವಾಡಿ ಮ್ಯಾಲಿನ ಬೋರ್ಡಿಗೆ ಕೈ ಹೋಗ್ತದ, ಸ್ವಿಚ್ ಟಕ್ ಅಂತ ಆಫ್, ಮುಗೀತು. ನಮ್ಮ ರಾಯಚೂರಾಗ ನಾ ನೋಡಿದ ಮನಿಯೊಳಗೆಲ್ಲ ಹಿಂಗೇ, ಮತ್ತ ಆಮ್ಯಾಲ ಮೆಮರಿ ಕಾರ್ಡ್ ಹೋತು, ಸೇವ್ ಹೋತು, ಮೆನುನೇ ಬರವಲ್ದು ಅಂತ ಮಶೀನ್ ಹೊತ್ಕೊಂಡು ತೀನ್ ಕಂದೀಲ್ ಕಡೆ ರಿಪೇರಿಗೆ ಹೋಗ್ತಾರ. ಅದಕ್ಕ ಇದನ್ನ ಒಂದು ಸಲ ಪೂರ್ತಿ ಬರೆದು ಇಡ್ತೀನಿ, ಯಾರಿಗರ ಉಪಯೋಗ ಆಗ್ಲಿ.

ಈ ಸ್ವಿಚ್ ರೂಢಿ ಎಲ್ಲಿಂದ ಬಂತು ಅಂತ ನನಗ ಒಂದು ಅಂದಾಜು ಅದ. ತೊಂಬತ್ತರ ದಶಕದಾಗ ನಮ್ಮ ಕಡೆ ಬಂದಿದ್ದು 8-ಬಿಟ್ ಟಿವಿ ಗೇಮ್, ಕ್ಯಾಸೆಟ್ ಹಾಕಿ ಆಡೋದು, ನಮಗ ಸಿಗ್ತಿದ್ದ ಕ್ಯಾಸೆಟ್ಟಿನ್ಯಾಗ ಸೇವ್ ಅನ್ನೋದೇ ಇರ್ತಿರಲಿಲ್ಲ, ಆಫ್ ಮಾಡಿದ್ರ ಹೋಗೋದು ಏನೂ ಇಲ್ಲ, ನಾಳೆ ಮತ್ತ ಒಂದನೇ ಲೆವೆಲ್ಲಿಂದ ಸುರು. ಅದಾದ ಮ್ಯಾಲ ಗೇಮ್ ಪಾರ್ಲರ್ ಬಂದ್ವು, ಪಿಎಸ್1, ಪಿಎಸ್2 ಸಾಲಾಗಿ ಇಟ್ಟಿರ್ತಿದ್ರು, ಗಂಟೆ ಲೆಕ್ಕದಾಗ ರೊಕ್ಕ, ಟೈಮ್ ಆತು ಅಂದ್ರ ಅಂಗಡಿಯವರು ಬಂದು ಮ್ಯಾಲಿಂದಾನೇ ಸ್ವಿಚ್ ಆರಿಸಿ ಬಿಡ್ತಿದ್ರು. ಟೆಕ್ಕನ್ 3 ಆಡೋರಿಗೆ ಅದರಿಂದ ನಷ್ಟ ಏನೂ ಇರಲಿಲ್ಲ, ಫೈಟ್ ಅರ್ಧಕ್ಕ ನಿಲ್ತಿತ್ತು ಅಷ್ಟೇ. ನಾವೆಲ್ಲ ಅದನ್ನೇ ನೋಡಿ ಕಲ್ತು ಮನಿಗೆ ತಂದೀವಿ. ಆದ್ರ ಮನ್ಯಾಗಿನ ಮಾಡ್ ಮಾಡಿದ ಪಿಎಸ್2 ಕಥೀನೇ ಬ್ಯಾರೆ, ಅದರಾಗ ಕಳ್ಕೊಳ್ಳೋದು ಭಾಳ ಅದ.

ಏನದ ಅಂದ್ರ, ಚಿಪ್ ಹಾಕಿಸದೇನೇ ಮಾಡ್ ಆಗಿರೋ ಮಶೀನ್ ಬಹಳಷ್ಟು ಫ್ರೀ ಎಂಸಿಬೂಟ್ ಅನ್ನೋ ಸಾಫ್ಟ್‌ವೇರ್ ಮ್ಯಾಲ ನಡೀತಾವ. ಅದು ಕೂತಿರೋದು ಮೆಮರಿ ಕಾರ್ಡಿನ್ಯಾಗ, ಬರೇ 8 ಎಂಬಿ ಕಾರ್ಡ್, ಅದರಾಗೇ ನಿಮ್ಮ ಸ್ಯಾನ್ ಆಂಡ್ರಿಯಾಸ್ ಸೇವ್ ಇರ್ತದ, ಅದರಾಗೇ ಮಶೀನ್ ಆನ್ ಆದ ಕೂಡ್ಲೆ ಬರೋ ಮೆನುನೂ ಇರ್ತದ. ಕಾರ್ಡಿಗೆ ಏನರ ಬರೀತಿರೋವಾಗ ಕರೆಂಟ್ ತೆಗೆದ್ರ ಒಂದು ಸೇವ್ ಅಷ್ಟೇ ಹೋಗ್ಲಿಕ್ಕೂ ಸಾಕು, ಕಾರ್ಡಿನ ಫೈಲ್ ಸಿಸ್ಟಮ್ಮೇ ಕೆಟ್ಟು ಎಂಸಿಬೂಟೂ ಅದರ ಜೊತಿ ಹೋಗ್ಲಿಕ್ಕೂ ಸಾಕು. ಮತ್ತ ಹಾಕಬೇಕಂದ್ರ ಇನ್ನೊಬ್ಬರ ಹತ್ರ ಎಂಸಿಬೂಟ್ ಇರೋ ಕಾರ್ಡ್ ಹುಡುಕ್ಕೊಂಡು ಹೋಗಬೇಕು, ಇಲ್ಲ 2020ರಾಗ ಬಂದ ಫ್ರೀಡಿವಿಡಿಬೂಟ್ ಡಿಸ್ಕ್ ಬರ್ನ್ ಮಾಡಬೇಕು. ಅದಕ್ಕ ನಾ ಎಲ್ಲಾರಿಗೂ ಮೊದಲು ಹೇಳೋದು, ಸ್ಲಾಟ್ ಎರಡು ಅದಾವಲ್ಲ, ಎಂಸಿಬೂಟಿಗೆ ಒಂದು ಕಾರ್ಡ್, ಸೇವಿಗೆ ಇನ್ನೊಂದು ಕಾರ್ಡ್ ಇಟ್ಟುಬಿಡ್ರಿ, ಎರಡನ್ನೂ ಒಂದರಾಗ ತುರುಕಬ್ಯಾಡ್ರಿ.

ಈಗ ಹೊರಗ ಬರೋ ವಿಷಯ. ಪಿಎಸ್2 ಗೇಮನ್ನ ಓಪಿಎಲ್ ಒಳಗಿಂದ ಹಾಕಿದ್ರ, ಅಂದ್ರ ಡಿಸ್ಕ್ ಇಲ್ಲದೇ ಪೆನ್‌ಡ್ರೈವಿಂದ ಗೇಮ್ ಹಾಕೋ ಓಪನ್ ಪಿಎಸ್2 ಲೋಡರ್ ಸಾಫ್ಟ್‌ವೇರ್, ರಿಮೋಟಿನ್ಯಾಗ ಎಲ್1, ಎಲ್2, ಆರ್1, ಆರ್2, ಸ್ಟಾರ್ಟ್, ಸೆಲೆಕ್ಟ್ ಈ ಆರೂ ಒಟ್ಟಿಗೆ ಒತ್ತಿ ಹಿಡೀರಿ. ಗೇಮ್ ನಿಂತು ಹೊರಗ ಬರ್ತದ. ಸ್ಟಾರ್ಟ್ ಸೆಲೆಕ್ಟ್ ಬದ್ಲಿ ಎರಡು ಅನಲಾಗ್ ಕಡ್ಡಿ ಒಳಗ ಒತ್ತಿದ್ರ, ಎಲ್3 ಆರ್3, ಮಶೀನೇ ಆಫ್ ಆಗಿ ಕೆಂಪು ಲೈಟಿಗೆ ಹೋಗ್ತದ. ಎದ್ದು ಹೋಗಿ ಮಶೀನ್ ಮುಟ್ಟೋದೇ ಬ್ಯಾಡ, ಕುಂತಲ್ಲೇ ಎಲ್ಲ ಮುಗೀತದ. ಇದಕ್ಕ ಐಜಿಆರ್ ಅಂತಾರ, ಇನ್-ಗೇಮ್ ರಿಸೆಟ್. ಇಷ್ಟು ವರ್ಷ ಓಪಿಎಲ್ ಬಳಸಿ ಇದೊಂದು ಗೊತ್ತಿಲ್ಲದೇ ಇರೋರು ಎಷ್ಟೋ ಮಂದಿ ಅದಾರ, ಹೇಳಿಕೊಟ್ಟ ಕೂಡ್ಲೆ ಅವರ ಮುಖ ನೋಡಬೇಕು, ನನಗ ಭಾಳ ಖುಷಿ ಆಗ್ತದ.

ಹೊರಗ ಬಂದು ಎಲ್ಲಿಗೆ ಹೋಗಬೇಕು ಅನ್ನೋದನ್ನೂ ನೀವೇ ಹೇಳಬಹುದು. ಓಪಿಎಲ್ ಸೆಟ್ಟಿಂಗಿನ್ಯಾಗ ಐಜಿಆರ್ ಪಾತ್ ಅಂತ ಒಂದು ಜಾಗ ಅದ, ಅಲ್ಲಿ ಓಪಿಎಲ್ಲಿನ ಈಎಲ್‌ಎಫ್ ಫೈಲ್, ಅಂದ್ರ ಅದರ ಪ್ರೋಗ್ರಾಂ ಫೈಲ್, ಎಲ್ಲಿ ಇಟ್ಟೀರಿ ಅನ್ನೋದನ್ನ ಬರೆದು ಸೇವ್ ಮಾಡಿದ್ರ ಗೇಮ್ ಬಿಟ್ಟ ಕೂಡ್ಲೆ ಸೀದಾ ಓಪಿಎಲ್ ಲಿಸ್ಟಿಗೇ ಬಂದು ನಿಲ್ತದ. ಅದು ಖಾಲಿ ಇದ್ರ ಮಶೀನಿನ ಸ್ವಂತ ಮೆನು ಕಡೆ ಹೋಗ್ತದ, ಅಲ್ಲಿಂದ ಮತ್ತ ಓಪಿಎಲ್ ಆರಿಸಬೇಕು. ಮನ್ಯಾಗ ಸಣ್ಣ ಹುಡುಗ್ರು ಇದ್ರ ಪಾತ್ ಹಾಕಿಡೋದು ಚಲೋ, ಇಲ್ಲಾಂದ್ರ ಗೇಮ್ ಎಲ್ಲಾ ಹೋದ್ವು ಅಂತ ಗಾಬರಿ ಬೀಳ್ತಾವ.

ಒಂದು ಗೇಮಿನ್ಯಾಗ ಇದು ಕೆಲಸ ಮಾಡ್ತದ, ಇನ್ನೊಂದರಾಗ ಮಾಡಂಗಿಲ್ಲ, ಯಾಕ ಅಂತ ಕೇಳ್ತಾರ. ಪಿಎಸ್2 ಒಳಗ ಗೇಮ್ ಸುರು ಆತು ಅಂದ್ರ ಮಶೀನ್ ಪೂರ್ತಿ ಆ ಗೇಮಿನ ಕೈಯಾಗ ಹೋಗ್ತದ, ಈಗಿನ ಮಶೀನಿನಂಗ ಹಿಂದ ಕುಂತು ಕಾಯೋ ಹೋಮ್ ಮೆನು ಅಂತ ಅದರಾಗ ಇಲ್ಲ. ಓಪಿಎಲ್ ಏನ್ ಮಾಡ್ತದಂದ್ರ ಗೇಮ್ ಲೋಡ್ ಆಗೋವಾಗ ಅದರ ಕೋಡಿನ್ಯಾಗ ರಿಮೋಟ್ ಓದೋ ಜಾಗ ಹುಡುಕಿ ಅಲ್ಲಿ ತನ್ನದೊಂದು ಸಣ್ಣ ತುಣುಕು ಸಿಗಿಸಿ ಇಡ್ತದ, ಗೇಮ್ ರಿಮೋಟ್ ಓದಿದಾಗೆಲ್ಲ ಆ ತುಣುಕೂ ಓದ್ತದ, ಆರೂ ಬಟನ್ ಒತ್ತೀರಿ ಅಂತ ಕಂಡ್ರ ಗೇಮ್ ನಿಲ್ಲಿಸ್ತದ. ಆ ಜಾಗ ಸಿಗಲಿಲ್ಲಾಂದ್ರ ನೀವು ಎಷ್ಟು ಒತ್ತಿದ್ರೂ ಏನೂ ಆಗಲ್ಲ. ಇನ್ನ ಕೆಲವು ಗೇಮಿಗೆ ಈ ಸಿಗಿಸೋದೇ ಆಗಿ ಬರಂಗಿಲ್ಲ, ಹ್ಯಾಂಗ್ ಆಗ್ತಾವ, ಅಂಥವಕ್ಕ ಓಪಿಎಲ್ ಕಂಪ್ಯಾಟಿಬಿಲಿಟಿಯಾಗ ಮೋಡ್ 6 ಅಂತ ಅದ, ಅದನ್ನ ಆನ್ ಮಾಡಿದ್ರ ಐಜಿಆರ್ ಬಂದ್ ಆಗ್ತದ, ಗೇಮ್ ನಡೀತದ. ಯಾರೋ ಕೊಟ್ಟ ಸೆಟ್ಟಿಂಗ್ ಎಲ್ಲಾ ಗೇಮಿಗೂ ಹಾಕಿ ಮೋಡ್ 6 ಆನ್ ಇಟ್ಟು, ಐಜಿಆರ್ ನಡೀವಲ್ದು ಅಂತ ಕುಂತಿರ್ತಾರ, ಅದನ್ನ ಮೊದಲು ನೋಡ್ರಿ.

ಇನ್ನೊಂದು ಅದ, ಫೈನಲ್ ಫ್ಯಾಂಟಸಿ 10 ಆಡೋರಿಗೆ. ಆ ಗೇಮಿನ್ಯಾಗ ಇದೇ ಆರು ಬಟನ್ ಒತ್ತಿದ್ರ ಟೈಟಲ್ ಸ್ಕ್ರೀನಿಗೆ ಹೋಗೋದು ಮೊದಲಿಂದಾನೇ ಅದ, ಡಿಸ್ಕಿನ್ಯಾಗ ಆಡಿ ರೂಢಿ ಇದ್ದೋರು ಬಾಸ್ ಹತ್ರ ಸತ್ತ ಕೂಡ್ಲೆ ಒತ್ತಿಬಿಡ್ತಾರ. ಓಪಿಎಲ್ ಒಳಗಾದ್ರ ಗೇಮೇ ಬಿಟ್ಟು ಹೊರಗ ಬರ್ತದ. ಕೆಟ್ಟಿಲ್ಲ ಅದು, ಓಪಿಎಲ್ ಮೊದಲು ಹಿಡೀತದ ಅಷ್ಟೇ.

ಐಜಿಆರ್ ಇಲ್ಲದ ಗೇಮಿಗೆ ಮಶೀನಿನ ಮುಂದಿನ ರಿಸೆಟ್ ಬಟನ್ನೇ ಗತಿ. ಒಂದು ಸಲ ಒತ್ತಿ ಬಿಟ್ರ ರಿಸೆಟ್, ಒತ್ತಿ ಹಿಡಿದ್ರ ಆಫ್. ದಪ್ಪ ಪಿಎಸ್2ಕ್ಕೂ ಹಿಂಗೇ, ಸ್ಲಿಮ್ಮಿಗೂ ಹಿಂಗೇ. ಕೆಂಪು ಲೈಟ್ ಬಂದ ಮ್ಯಾಲ ಬೇಕಾದ್ರ ಬೋರ್ಡ್ ಸ್ವಿಚ್ ಆರಿಸ್ರಿ, ಅದಕ್ಕ ಯಾರೂ ಬ್ಯಾಡ ಅನ್ನಲ್ಲ.

ಈಗ ನಿಜವಾಗ್ಲೂ ತಲಿ ಕೆಡಿಸೋದು ಪಿಎಸ್1 ಗೇಮ್. ಬ್ಯಾಸಿಗಿ ಸೂಟಿಗೆ ನಮ್ಮ ಅಕ್ಕನ ಮಗ ಬಂದಿದ್ದ, ಮಧ್ಯಾಹ್ನ ಹೊರಗ ಕಾಲಿಡಂಗಿಲ್ಲ ಅಂಥ ಬಿಸಲು, ಮನ್ಯಾಗೇ ಕುಂತು ಹಳೇ ಕ್ರ್ಯಾಶ್ ಬ್ಯಾಂಡಿಕೂಟ್ ಡಿಸ್ಕ್ ಹಾಕ್ಕೊಂಡು ಆಡಕತ್ತಿದ್ದ. ಆಮ್ಯಾಲ ಗಾಡಿ ಗೇಮ್ ಬೇಕಾತು. "ಮಾಮಾ, ಆರೂ ಬಟನ್ ಒತ್ತಿದೆ, ಏನೂ ಆಗವಲ್ದು, ರಿಮೋಟ್ ಕೆಟ್ಟದೇನು?" ಅಂದ. ರಿಮೋಟ್ ಕೆಟ್ಟಿಲ್ಲಪಾ, ನೀ ಈಗ ಪಿಎಸ್2 ಒಳಗ ಇಲ್ಲ, ಪಿಎಸ್1 ಒಳಗ ಅದೀ ಅಂದೆ. ಅಂವ ಮಶೀನ್ ನೋಡ್ದ, ನನ್ನ ಮುಖ ನೋಡ್ದ.

ನಾ ಅಂದಿದ್ದು ಖರೇನೇ. ಸೋನಿಯವರು 2000ದಾಗ ಪಿಎಸ್2 ಮಾಡೋವಾಗ ಹಳೇ ಪಿಎಸ್1 ಪ್ರೊಸೆಸರನ್ನ ಅದರಾಗೇ ಇಟ್ರು. ಪಿಎಸ್2 ಗೇಮ್ ನಡೆಯೋವಾಗ ಅದು ರಿಮೋಟ್, ಮೆಮರಿ ಕಾರ್ಡ್, ಯುಎಸ್‌ಬಿ ಇವನ್ನ ನೋಡ್ಕೊಳ್ಳೋ ಕೆಲಸ ಮಾಡ್ತದ, ಐಓಪಿ ಅಂತಾರ ಅದಕ್ಕ. ಪಿಎಸ್1 ಡಿಸ್ಕ್ ಹಾಕಿದ್ರ ಅದೇ ಐಓಪಿ ಮತ್ತ ತನ್ನ ಹಳೇ ಯಜಮಾನಿಕೆಗೆ ಬರ್ತದ, ಗೇಮ್ ಅದರ ಮ್ಯಾಲ ನಡೀತದ, ದೊಡ್ಡ ಪ್ರೊಸೆಸರ್ ಚಿತ್ರ ತೋರಿಸೋ ಕೆಲಸಕ್ಕ ನಿಲ್ತದ. ಸ್ಲಿಮ್ಮಿನ್ಯಾಗ ಆಮ್ಯಾಲ ಬಂದ ಮಾಡೆಲುಗಳಾಗ ಆ ಪ್ರೊಸೆಸರ್ ತೆಗೆದು ಬ್ಯಾರೆ ಚಿಪ್ ಇಟ್ಟು ಅದರಿಂದ ಪಿಎಸ್1 ನಕಲು ಮಾಡಿಸಿದ್ರು, ಆದ್ರ ಆಡೋರಿಗೆ ಎರಡೂ ಒಂದೇ. ಅಷ್ಟೊತ್ತಿಗೆ ಓಪಿಎಲ್ ಮೆಮರಿಯಾಗೇ ಇರಂಗಿಲ್ಲ, ಎಂಸಿಬೂಟೂ ಇಲ್ಲ, ಹಂಗಾದ್ರ ಆರು ಬಟನ್ ಯಾರು ನೋಡಬೇಕು? ಪಿಎಸ್1 ಗೇಮಿಗಂತೂ ಮಶೀನಿನ ಮೆನುಗೆ ಎಕ್ಸಿಟ್ ಅನ್ನೋ ಮಾತೇ ಗೊತ್ತಿಲ್ಲ, ಪಿಎಸ್1ಕ್ಕ ಇದ್ದಿದ್ದು ರಿಸೆಟ್ ಬಟನ್ ಮತ್ತ ಪವರ್ ಬಟನ್. ಹಂಗಾಗಿ ಪಿಎಸ್1 ಡಿಸ್ಕಿಂದ ಹೊರಗ ಬರೋ ಬಾಗಿಲು ಒಂದೇ, ಮುಂದಿನ ರಿಸೆಟ್. ಬರೇ ಚಿಪ್ ಹಾಕಿದ ಮಶೀನಾದ್ರ ಡಿಸ್ಕ್ ಒಳಗೇ ಬಿಟ್ಟು ರಿಸೆಟ್ ಮಾಡಿದ್ರ ಮತ್ತ ಅದೇ ಗೇಮ್ ಸುರು ಆಗ್ತದ, ಅದಕ್ಕ ಡಿಸ್ಕ್ ತೆಗೆದು ಆಮ್ಯಾಲ ಒತ್ರಿ.

ಒತ್ತೋಕಿಂತ ಮೊದಲು ಸೇವ್ ಎಲ್ಲಿ ಹೋಗ್ಯದ ಅಂತ ನೋಡ್ರಿ. ಪಿಎಸ್1 ಗೇಮ್ ಪಿಎಸ್2 ಕಾರ್ಡಿನ್ಯಾಗ ಸೇವ್ ಮಾಡಂಗಿಲ್ಲ, ಪಿಎಸ್1 ಕಾರ್ಡೇ ಬೇಕು, 128 ಕೆಬಿ, 15 ಬ್ಲಾಕ್. ಕಾರ್ಡ್ ಇಲ್ಲದೇ ಮೂರು ತಾಸು ಆಡಿ ರಿಸೆಟ್ ಒತ್ತಿದ್ರ ಮೂರು ತಾಸೂ ಹೋಗ್ತಾವ. ಪಿಎಸ್1 ಕಾರ್ಡ್ ಇದ್ರ ಆ ಸೇವನ್ನ ಮಶೀನಿನ ಸ್ವಂತ ಮೆನುವಿನ ಬ್ರೌಸರಿಂದ ಪಿಎಸ್2 ಕಾರ್ಡಿಗೆ ಕಾಪಿ ಮಾಡಿ ಇಡಬಹುದು, ಆಡೋವಾಗ ವಾಪಸ್ ತರಬೇಕು. ಈಗ ಹಳೇ ಪಿಎಸ್1 ಕಾರ್ಡ್ ಸಿಗೋದು ಕಷ್ಟ, ಇರೋದನ್ನ ಜೋಪಾನ ಮಾಡ್ರಿ.

ಪಿಎಸ್1 ಗೇಮನ್ನ ಪೆನ್‌ಡ್ರೈವಿಂದ ಆಡಬೇಕಂದ್ರ ಪಾಪ್‌ಸ್ಟಾರ್ಟರ್ ಅನ್ನೋ ಸಾಫ್ಟ್‌ವೇರ್ ಅದ. ಸೋನಿಯವರದೇ ಒಂದು ಪಿಎಸ್1 ಎಮ್ಯುಲೇಟರನ್ನ ಹಿಡ್ಕೊಂಡು ಮಾಡಿದ್ದು, ಗೇಮ್ ವಿಸಿಡಿ ಫೈಲ್ (ಸಿನಿಮಾದ ವಿಸಿಡಿ ಅಲ್ಲ) ಆಗಿ ಇರಬೇಕು, ಮೆಮರಿ ಕಾರ್ಡೂ ಒಂದು ಫೈಲ್. ಇದರಾಗ ಹೊರಗ ಬರೋ ಕೀಲಿ ಓಪಿಎಲ್ಲಿನದಲ್ಲ, ಇದರದ್ದೇ ಬ್ಯಾರೆ ಇರ್ತದ, ಒತ್ತಿದ್ರ ಹೋಗ್ಲೋ ಬ್ಯಾಡೋ ಅಂತ ಕೇಳೋ ಸ್ಕ್ರೀನ್ ಬರ್ತದ. ಆ ಕೇಳೋದು ನನಗ ಭಾಳ ಇಷ್ಟ, ಓಪಿಎಲ್ಲಿನ್ಯಾಗೂ ಇರಬೇಕಿತ್ತು. ಪೆನ್‌ಡ್ರೈವಿಗೆ ಲೈಟ್ ಇದ್ರ ಅದು ಮಿಣಕ್ತಿರೋ ತನಕ ಹೊರಗ ಬರಬ್ಯಾಡ್ರಿ, ಯಾಕಂದ್ರ ಪಿಎಸ್2 ಯುಎಸ್‌ಬಿ 1.1, ಭಾಳ ನಿಧಾನ, ನಾವು ಆತು ಅಂದ್ಕೊಂಡಾಗ ಇನ್ನಾ ಬರೀತಿರ್ತದ. ಓಪಿಎಲ್ಲಿನ್ಯಾಗ ವಿಎಂಸಿ, ಅಂದ್ರ ಫೈಲ್ ರೂಪದ ಮೆಮರಿ ಕಾರ್ಡ್, ಬಳಸೋರಿಗೂ ಇದೇ ಮಾತು.

ಪಿಎಸ್3 ಇರೋರಿಗೆ ಇಷ್ಟು ತ್ರಾಸ ಇಲ್ಲ. ಹಳೇ ಗೇಮ್ ಹಾಕಿದ್ರೂ ನಡುವಿನ ಪಿಎಸ್ ಬಟನ್ ಒತ್ತಿ ಕ್ವಿಟ್ ಗೇಮ್ ಅಂದ್ರ ಆತು. ಮಾಡ್ ಮಾಡಿ ವೆಬ್‌ಮ್ಯಾನ್ ಅನ್ನೋ ಸಾಫ್ಟ್‌ವೇರಿಂದ ಐಎಸ್ಓ ಮೌಂಟ್ ಮಾಡಿದ್ರ, ಅಂದ್ರ ಫೈಲನ್ನ ಡಿಸ್ಕಿನಂಗ ಹಾಕಿದ್ರ, ಕ್ವಿಟ್ ಆದ ಮ್ಯಾಲ ಅನ್‌ಮೌಂಟೂ ಮಾಡ್ರಿ, ಇಲ್ಲಾಂದ್ರ ಡಿಸ್ಕ್ ಹಾಕಿದಂಗೇ ತೋರಿಸ್ತಿರ್ತದ. ನಿಂಟೆಂಡೊದ ವೀ ಮಶೀನಿನ್ಯಾಗ ಅದರ ಹಿಂದಿನ ಮಶೀನ್ ಗೇಮ್‌ಕ್ಯೂಬ್ ಡಿಸ್ಕ್ ಹಾಕಿದ್ರ ಮಾತ್ರ ನಮ್ಮ ಪಿಎಸ್1 ಕಥೀನೇ, ವೀ ರಿಮೋಟೂ ಕೆಲಸ ಮಾಡಂಗಿಲ್ಲ, ಹೋಮ್ ಬಟನ್ನೂ ಇಲ್ಲ, ಮಶೀನಿಗೇ ಕೈ ಹಾಕಬೇಕು. ಅದಕ್ಕ ಅಲ್ಲಿ ಗೇಮ್‌ಕ್ಯೂಬ್ ಗೇಮ್ ನಡೆಸೋ ನಿಂಟೆಂಡೋಂಟ್ ಸಾಫ್ಟ್‌ವೇರ್ ಬಳಸೋರು ಆರ್, ಝಡ್, ಬಿ ಜೊತಿ ಡಿ-ಪ್ಯಾಡ್ ಕೆಳಗ ಒತ್ತಿ ಹೊರಗ ಬರ್ತಾರ.

ನೀವು ಎಷ್ಟು ಜೋಪಾನ ಮಾಡಿದ್ರೂ ಕರೆಂಟ್ ಹೋದ್ರ ಏನ್ ಮಾಡೋದು ಅಂತೀರಿ, ಖರೇ ಮಾತು. ಶಕ್ತಿನಗರದ ಥರ್ಮಲ್ ನಮ್ಮ ಜಿಲ್ಲೆದಾಗೇ ಇದ್ರೂ ನಮ್ಮ ಓಣ್ಯಾಗ ಬ್ಯಾಸಿಗ್ಯಾಗ ಕರೆಂಟ್ ಯಾವಾಗ ಹೋಗ್ತದ ಅಂತ ಹೇಳಕಾಗಲ್ಲ. ಮನ್ಯಾಗ ಇನ್ವರ್ಟರ್ ಇದ್ರ ಟಿವಿ ಮತ್ತ ಮಶೀನ್ ಎರಡನ್ನೂ ಅದರ ಲೈನಿಗೆ ಹಾಕಿಸ್ರಿ, ಮಶೀನ್ ಅಷ್ಟೇ ಹಾಕಿ ಟಿವಿ ಬಿಟ್ರ ಸೇವ್ ಮಾಡಾಕ ಸ್ಕ್ರೀನೇ ಕಾಣಂಗಿಲ್ಲ. ಇನ್ವರ್ಟರ್ ಇಲ್ಲದೋರು ಸೇವ್ ಮಾಡಿದ್ಮ್ಯಾಲ ಕಾರ್ಡನ್ನ ಇನ್ನೊಂದು ಕಾರ್ಡಿಗೆ ಆವಾಗಾವಾಗ ಕಾಪಿ ಹೊಡ್ಕೊಂಡು ಇಡ್ರಿ.

ಯಾರರ ಸೆಕೆಂಡ್ ಹ್ಯಾಂಡ್ ಮಾಡ್ ಪಿಎಸ್2 ತಗೊಳ್ಳೋರಿದ್ರ ಮಾರೋರು ಗೇಮ್ ಹಾಕಿ ತೋರಿಸಿದ ಕೂಡ್ಲೆ ರೊಕ್ಕ ಕೊಡಬ್ಯಾಡ್ರಿ, ಅದೇ ಗೇಮಿಂದ ಆರು ಬಟನ್ ಒತ್ತಿ ಹೊರಗ ಬಂದು ತೋರಿಸ್ರಿ ಅನ್ರಿ. ಮಶೀನ್ ಸೆಟ್ಟಿಂಗ್ ಸರಿ ಅದನೋ ಇಲ್ಲೋ ಗೊತ್ತಾಗ್ತದ, ರಿಮೋಟಿನ ಎಲ್2, ಆರ್2, ಸೆಲೆಕ್ಟ್ ಕೂಡ ಒಟ್ಟಿಗೆ ಟೆಸ್ಟ್ ಆಗ್ತಾವ. ಡುಪ್ಲಿಕೇಟ್ ರಿಮೋಟಿನ್ಯಾಗ ಎಲ್2 ಸತ್ತಿದ್ರೂ, ಆಡೋವಾಗ ಅಷ್ಟು ಬೇಕಾಗಲ್ಲ ಅಂತ ಯಾರೂ ನೋಡಿರಂಗಿಲ್ಲ.