ಸ್ಟಾಪರ್ ಬ್ಯಾಕ್ ಮೇಷ್ಟ್ರು

ನಮ್ಮ ಪಿ.ಟಿ. ಮೇಷ್ಟ್ರು ತೀರಿಕೊಂಡ ಸುದ್ದಿ ಹಳೇ ವಿದ್ಯಾರ್ಥಿಗಳ ವಾಟ್ಸಾಪ್ ಗುಂಪಿಗೆ ಬಂದಾಗ ಮೊದಲು ಎಲ್ಲರೂ ಕೈಮುಗಿದ ಚಿತ್ರ ಹಾಕಿದರು. ಸಂಜೆ ಹೊತ್ತಿಗೆ ಒಬ್ಬ ಅವರ ಬೈಗುಳ ಒಂದನ್ನು ಬರೆದ. ಆಮೇಲೆ ಶುರುವಾಯ್ತು ನೋಡಿ, ರಾತ್ರಿಯಿಡೀ ಫೋನು ಸುಮ್ಮನಾಗಲಿಲ್ಲ. ಆಗ ಓದಿದ ಪಾಠ ಯಾವುದು ಅಂತ ಕೇಳಿದರೆ ನಮ್ಮಲ್ಲಿ ಒಬ್ಬರೂ ಬಾಯಿ ಬಿಡೋದಿಲ್ಲ. ಮೇಷ್ಟ್ರ ಬೈಗುಳ ಮಾತ್ರ ರಾಗದ ಸಮೇತ ನೆನಪಿದೆ. ಶಾಲೆಯ ಸಂಚಿಕೆಗೆ ಏನಾದರೂ ಬರೆದುಕೊಡಿ ಅಂದಾಗ ಬೇರೆ ಯಾರ ಬಗ್ಗೆ ಬರೆಯಲಿ?

ಮೇಷ್ಟ್ರಾಗುವ ಮುಂಚೆ ಅವರು ಒಂದು ಕಾರ್ಖಾನೆಯ ಫುಟ್‌ಬಾಲ್ ತಂಡದಲ್ಲಿ ಸ್ಟಾಪರ್ ಬ್ಯಾಕ್. ಗೋಲ್‌ಕೀಪರ್ ಮುಂದೆ ನಿಂತು ಎದುರಾಳಿ ಫಾರ್ವರ್ಡ್‌ಗಳನ್ನು ತಡೆಯುವ ಕೆಲಸ. ಒಳ್ಳೆ ವಯಸ್ಸಿನಲ್ಲೇ ಬಲಮಂಡಿ ತಿರುಚಿಕೊಂಡಿತು. ಲಿಗಮೆಂಟ್ ಹರಿದರೆ ಆಪರೇಷನ್ ಮಾಡಿಸಿಕೊಂಡು ಮುಂದಿನ ವರ್ಷ ಮತ್ತೆ ಆಡುವ ಕಾಲ ಅಲ್ಲ ಅದು. ಪಟಿಯಾಲದಲ್ಲಿರುವ ರಾಷ್ಟ್ರೀಯ ಕ್ರೀಡಾ ಸಂಸ್ಥೆ ಎನ್.ಐ.ಎಸ್.ಗೆ ಹೋಗಿ ಕೋಚಿಂಗ್ ಡಿಪ್ಲೊಮಾ ಮಾಡಿಕೊಂಡು ಬಂದು ನಮ್ಮ ಶಾಲೆಗೆ ಸೇರಿದರು. ನಡೆಯುವಾಗ ಏನೂ ಗೊತ್ತಾಗುತ್ತಿರಲಿಲ್ಲ. ಮೆಟ್ಟಿಲು ಇಳಿಯುವಾಗ ಮಾತ್ರ ಬಲಗಾಲು ಒಂದು ಗಳಿಗೆ ತಡೆದು ಇಳಿಯುತ್ತಿತ್ತು. ಆ ಸದ್ದು ಕೇಳಿಸಿದರೆ ಸಾಕು, ವರಾಂಡ ಖಾಲಿ.

ಕೋಚ್ ಅಂದರೆ ಗೋಲು ಹೊಡೆಯೋದು ಕಲಿಸ್ತಾರೆ ಅಂದುಕೊಂಡಿದ್ದೆವು. ಇವರಿಗೆ ಗೋಲಿನ ಮೇಲೆ ಅಷ್ಟೇನೂ ಆಸೆ ಇರಲಿಲ್ಲ. ಮ್ಯಾಚ್ ದಿನ ಟಚ್‌ಲೈನ್ ಪಕ್ಕ ಸ್ಟೂಲು ಹಾಕಿಕೊಂಡು ಕೂತು, ತೊಡೆ ಮೇಲೆ ಹಳೇ ಹಾಜರಿ ಪುಸ್ತಕ ಇಟ್ಟುಕೊಳ್ಳುತ್ತಿದ್ದರು. ಅದರಲ್ಲಿ ಗೋಲಿಗೆ ಅಂತ ಕಾಲಂ ಇರಲಿಲ್ಲ. ಯಾರು ಯಾರಿಗೆ ಕವರ್ ಕೊಟ್ಟರು, ಅಂದರೆ ಪಕ್ಕದವನು ಬಿಟ್ಟ ಜಾಗ ಕಾದರು, ಹೆಡ್ ಮಾಡಿ ಚೆಂಡನ್ನು ಹೊರಗೆ ಅಟ್ಟಿದ್ದು ಯಾರು, ಚೆಂಡು ದೂರ ಇದ್ದಾಗ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದು ಯಾರು, ಇವಕ್ಕೆಲ್ಲ ಸಣ್ಣ ಸಣ್ಣ ಗೀಟು. "ಗೋಲು ಹೊಡೆದವನ ಲೆಕ್ಕ ಊರೆಲ್ಲ ಇಡುತ್ತೆ ಕಣ್ರೋ. ಗೋಲು ಆಗದ ಹಾಗೆ ನೋಡಿಕೊಂಡವನ ಲೆಕ್ಕ ನಾನಾದ್ರೂ ಇಡಬೇಡ್ವಾ?" ನಾನೇ ಹೇಳಿಕೊಳ್ಳಬಾರದು, ಆದರೂ ಹೇಳುತ್ತೇನೆ. ಲೆಫ್ಟ್ ಬ್ಯಾಕ್ ಆಗಿದ್ದ ನನ್ನ ಹೆಸರಿನ ಮುಂದೆ ಕವರ್ ಕೊಟ್ಟ ಗೀಟುಗಳು ಎಲ್ಲರಿಗಿಂತ ಜಾಸ್ತಿ ಇರುತ್ತಿದ್ದವು. ಜಿಲ್ಲಾ ತಂಡಕ್ಕೆ ಕರೆ ಬಂದಿದ್ದೂ ಅದರಿಂದಲೇ.

ಮಳೆ ಬಂದು ಮೈದಾನ ಕೆಸರಾದರೆ ಪಿ.ಟಿ. ಪೀರಿಯಡ್ ಕ್ಲಾಸಿನೊಳಗೆ. ಆಗ 1962ರ ಜಕಾರ್ತ ಏಷ್ಯನ್ ಗೇಮ್ಸ್ ಕಥೆ. ನಮ್ಮ ತಂಡದ ಸ್ಟಾಪರ್ ಜರ್ನೈಲ್ ಸಿಂಗ್‌ಗೆ ತಲೆಗೆ ಪೆಟ್ಟಾಗಿ ಹೊಲಿಗೆ ಬಿದ್ದಿತ್ತು. ಕೋಚ್ ರಹೀಂ ಸಾಹೇಬರು ಅವರನ್ನು ಸೆಂಟರ್ ಫಾರ್ವರ್ಡ್ ಜಾಗದಲ್ಲಿ ಆಡಿಸಿದರು. ಸೆಮಿಫೈನಲ್‌ನಲ್ಲಿ ಗೋಲು, ದಕ್ಷಿಣ ಕೊರಿಯಾ ಎದುರು ಫೈನಲ್‌ನಲ್ಲೂ ಗೋಲು. 2-1, ಚಿನ್ನದ ಪದಕ. ನಾವು ಚಪ್ಪಾಳೆ ತಟ್ಟುವಷ್ಟರಲ್ಲಿ ಮೇಷ್ಟ್ರು ಬೆರಳೆತ್ತುತ್ತಿದ್ದರು. "ಅವನು ಮುಂದೆ ಹೋದನಲ್ಲ, ಹಿಂದೆ ಕಾದವರು ಯಾರು?" ಅರುಣ್ ಘೋಷ್, ಚಂದ್ರಶೇಖರ್, ತ್ರಿಲೋಕ್ ಸಿಂಗ್ ಅಂತ ನಾವು ಒಟ್ಟಿಗೆ ಕೂಗಬೇಕು. ಆ ಅರುಣ್ ಘೋಷ್ ಮುಂದೆ ಭಾರತ ತಂಡಕ್ಕೇ ಕೋಚ್ ಆದರು ಅನ್ನುವಾಗ ಮೇಷ್ಟ್ರ ದನಿ ಸ್ವಲ್ಪ ಏರುತ್ತಿತ್ತು. ಮೊಘಲ್ ದೊರೆಗಳ ಹೆಸರು ಮರೆತಿದ್ದೇನೆ, ಈ ಮೂವರದ್ದು ಮರೆತಿಲ್ಲ.

ಅವರ ಜೀವ ಇದ್ದಿದ್ದು ಆಫ್‌ಸೈಡ್ ಟ್ರ್ಯಾಪ್‌ನಲ್ಲಿ. ಎದುರಾಳಿ ಪಾಸ್ ಕೊಡುವ ಹೊತ್ತಿಗೆ ಬ್ಯಾಕ್‌ಗಳೆಲ್ಲ ಒಂದೇ ಸಲ ಒಂದು ಹೆಜ್ಜೆ ಮುಂದೆ ಬಂದರೆ ಫಾರ್ವರ್ಡ್ ಅವರ ಹಿಂದೆ, ಗೋಲಿನ ಕಡೆ ಉಳಿದು ಆಫ್‌ಸೈಡ್ ಆಗಿಬಿಡುತ್ತಾನೆ, ಅವನು ಆ ಚೆಂಡು ಆಡುವ ಹಾಗಿಲ್ಲ. 1990ರಲ್ಲಿ ನಿಯಮ ಬದಲಾಗಿ, ಬ್ಯಾಕ್‌ಗೆ ಸಮಕ್ಕೆ ನಿಂತವನೂ ಆನ್‌ಸೈಡ್ ಆಗಿದ್ದ. ಹಾಗಾಗಿ ಒಬ್ಬ ತಡ ಮಾಡಿದರೂ ಕೆಲಸ ಕೆಟ್ಟಿತು. ಹಗ್ಗ ಹಿಡಿಸಿ, ಸಾಲಾಗಿ ನಿಲ್ಲಿಸಿ, "ಸ್ಟೆಪ್!" ಅಂತ ಕೂಗಿ ಕೂಗಿ ನಮ್ಮನ್ನು ಅರೆದರು.

ಆ ವಿದ್ಯೆಯನ್ನು ನಾವು ಗಣಿತದ ಕ್ಲಾಸಿನಲ್ಲಿ ಪ್ರಯೋಗಿಸಿದೆವು. ಗಣಿತದ ಮೇಷ್ಟ್ರು ಬೋರ್ಡಿನ ಕಡೆ ತಿರುಗಿದಾಗ ಒಂದು ಕೆಮ್ಮು. ಕೆಮ್ಮಿದ ಕೂಡಲೇ ಎಲ್ಲ ಬೆಂಚುಗಳೂ ಒಂದು ಗೇಣು ಮುಂದೆ. ಕೆಮ್ಮುತ್ತಿದ್ದವರು ಯಾರು ಅನ್ನೋದನ್ನು ಅವತ್ತೂ ಹೇಳಲಿಲ್ಲ, ಈಗಲೂ ಹೇಳೋದಿಲ್ಲ. ಪ್ರಮೇಯ ಮುಗಿಸಿ ಡಸ್ಟರ್ ಹಿಡಿದು ತಿರುಗಿದರೆ ಅವರ ಹೊಟ್ಟೆಗೇ ಮೊದಲ ಬೆಂಚು! ಹೆಡ್ ಮೇಷ್ಟ್ರ ತನಕ ಹೋಯ್ತು. ಶಿಕ್ಷೆ ಕೊಡಲು ಪಿ.ಟಿ. ಮೇಷ್ಟ್ರನ್ನೇ ಕಳಿಸಿದರು. ಅವರು ಬಾಗಿಲಲ್ಲಿ ನಿಂತು ಬೆಂಚುಗಳ ಸಾಲನ್ನು ಒಂದು ಕಣ್ಣು ಮುಚ್ಚಿ ನೋಡಿದರು. ಕಿಟಕಿ ಪಕ್ಕದ ಸಾಲು ಅರ್ಧ ಅಡಿ ಹಿಂದೆ ಉಳಿದಿತ್ತು. "ಆ ಸಾಲಿನವರು ಯಾರ್ರೋ, ಎದ್ದು ನಿಲ್ಲಿ. ಇಷ್ಟು ಗ್ಯಾಪ್ ಬಿಟ್ಟರೆ ಫಾರ್ವರ್ಡ್ ಆರಾಮಾಗಿ ಗೋಲು ಹೊಡ್ಕೊಂಡು ಹೋಗ್ತಾನೆ." ಮೈದಾನ ಸುತ್ತಿದ್ದು ಆ ಸಾಲಿನವರು ಮಾತ್ರ. ಗಣಿತದ ಮೇಷ್ಟ್ರು ಬಹಳ ದಿನ ಇವರ ಜೊತೆ ಮಾತು ಬಿಟ್ಟಿದ್ದರಂತೆ.

ಈಗ ಮಕ್ಕಳ ಟೈಮ್‌ಟೇಬಲ್‌ನಲ್ಲಿ ಪಿ.ಟಿ. ಪೀರಿಯಡ್ ಇರುತ್ತೆ, ಮೈದಾನಕ್ಕೆ ಬಿಡೋದಿಲ್ಲ. ಪರೀಕ್ಷೆ ಹತ್ತಿರ ಬಂತು ಅಂತ ಯಾರೋ ಒಬ್ಬರು ಆ ಪೀರಿಯಡ್ ಕೇಳಿ ಪಡೆದುಕೊಂಡಿರುತ್ತಾರೆ. ಆಡಬೇಕು ಅಂದರೆ ಫೀಸು ಕಟ್ಟಿ ಬೇಸಿಗೆ ಶಿಬಿರಕ್ಕೆ ಹೋಗಬೇಕು. ಅಲ್ಲೂ ಎಲ್ಲರಿಗೂ ಫಾರ್ವರ್ಡ್ ಜಾಗವೇ ಬೇಕು, ಅಪ್ಪಂದಿರಿಗೆ ಗೋಲಿನ ವಿಡಿಯೊ ಬೇಕು. ನನ್ನ ಕೈಕೆಳಗೆ ಈಗ ಬಹಳ ಹುಡುಗರು ಕೆಲಸ ಮಾಡುತ್ತಾರೆ. ಹೊಸಬರನ್ನು ಆರಿಸುವಾಗ ನಾನು ಮಾರ್ಕ್ಸ್ ಕಾರ್ಡ್ ಆಮೇಲೆ ನೋಡುತ್ತೇನೆ, ಪಕ್ಕದವನಿಗೆ ಕವರ್ ಕೊಡ್ತಾನಾ ಅಂತ ಮೊದಲು. ಆಫೀಸಿನಲ್ಲಿ ಇದನ್ನು ನನ್ನದೇ ಉಪಾಯ ಅಂದುಕೊಂಡಿದ್ದಾರೆ, ಇರಲಿ ಬಿಡಿ.

ಮೇಷ್ಟ್ರ ಜೊತೆ ಫುಟ್‌ಬಾಲ್ ಬಗ್ಗೆ ಕೊನೆಯದಾಗಿ ಮಾತಾಡಿದ್ದು 2023ರ ಮಾರ್ಚ್‌ನಲ್ಲಿ. ಕರ್ನಾಟಕ ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ, ರಾಜ್ಯ ತಂಡಗಳು ಆಡುವ ರಾಷ್ಟ್ರೀಯ ಫುಟ್‌ಬಾಲ್ ಪಂದ್ಯಾವಳಿ ಸಂತೋಷ್ ಟ್ರೋಫಿ ಗೆದ್ದಿತ್ತು. ಹಿಂದಿನ ಸಲ ಗೆದ್ದಾಗ ನಮ್ಮ ರಾಜ್ಯದ ಹೆಸರು ಇನ್ನೂ ಮೈಸೂರು. 54 ವರ್ಷದ ಮೇಲೆ ಬಂದ ಕಪ್ಪು! ಖುಷಿಯಲ್ಲಿ ಫೋನ್ ಮಾಡಿ, "ಸಾರ್, ಗೆದ್ವಿ! ಮೂರು ಗೋಲು!" ಅಂದೆ.

"ನೋಡಿದೆ, ನೋಡಿದೆ," ಅಂದರು. "ಅದ್ಸರಿ, ಎರಡು ಯಾಕೋ ಬಿಟ್ರು?"